ಮರಳು ಟ್ರ್ಯಾಕ್ಟರಿನ ಮೇಲಿದ್ದ ಚಪ್ಪಲಿ

ಜಮಖಂಡಿಯಲ್ಲಿ ನನ್ನದೊಂದು ಫೋಟೊ ಸ್ಟುಡಿಯೊ ಇದೆ. ಮದುವೆ ಫೋಟೊ ಎಲ್ಲರೂ ತೆಗೆಯುತ್ತಾರೆ. ನಾನು ಜೊತೆಗೆ ಜಪ್ತಿಯಾದ ಮರಳು ಗಾಡಿಗಳದ್ದನ್ನೂ ತೆಗೆಯುತ್ತೇನೆ. ಹೊಳೆಯ ಮರಳು ಕದ್ದು ಸಾಗಿಸುವಾಗ ಸಿಕ್ಕಿಬಿದ್ದ ಟ್ರ್ಯಾಕ್ಟರನ್ನು ಕೋರ್ಟು ಮಾಲೀಕನಿಗೆ ಬಿಡುವ ಮೊದಲು ಅದರ ಫೋಟೊ ಬೇಕು. ಮುಂದೆ, ಹಿಂದೆ, ಎರಡೂ ಬದಿ, ಇಂಜಿನ್ ನಂಬರು. ಇದ್ದದ್ದು ಇದ್ದ ಹಾಗೇ ಕಾಣಬೇಕು, ಒಂದು ಹಗ್ಗ ಕೂಡ ಸರಿಸಬಾರದು. ಮದುಮಗಳ ಫೋಟೊಗಿಂತ ಇದು ಸಲೀಸು. "ಇನ್ನೊಂದು ತಗೀರಿ, ದಪ್ಪ ಕಾಣಾಕತ್ತೇನಿ" ಎಂದು ಟ್ರ್ಯಾಕ್ಟರು ಹೇಳುವುದಿಲ್ಲ.

ಆವತ್ತು ಬೀಳಗಿ ಕಡೆಯ ಒಂದು ಠಾಣೆಗೆ ಹೋಗಿದ್ದೆ. ನೆತ್ತಿ ಸುಡುವ ಬಿಸಿಲು. ಅಂಗಳದಲ್ಲಿ ಹಿಡಿದ ಗಾಡಿಗಳ ಸಾಲು, ಚಕ್ರಗಳ ಒಳಗಿಂದ ಜಾಲಿ ಗಿಡ ಎದ್ದಿತ್ತು. ನಾನು ಫೋಟೊ ತೆಗೆಯಬೇಕಾದ ಟ್ರ್ಯಾಕ್ಟರಿನ ಮೇಲೆ ನಾಲ್ಕು ತಿಂಗಳ ಧೂಳು. ಸೀಟಿನ ಪಕ್ಕದ ಟೂಲ್ ಬಾಕ್ಸಿನ ಮೇಲೆ ಒಂದು ಜೊತೆ ಚರ್ಮದ ಚಪ್ಪಲಿ ಇತ್ತು. ಅದರ ಮೇಲೆ ಮಾತ್ರ ಧೂಳೇ ಇಲ್ಲ.

"ಅವನ್ನ ಮುಟ್ಟಬ್ಯಾಡ್ರಿ," ಎಂದ ಕಾವಲಿನ ಪೇದೆ. "ಎರಡ ಸಲ ಕಂಪೌಂಡ್ ಹೊರಗ ಒಗದೀನಿ. ಮರುದಿನ ನೋಡಿದ್ರ ಮತ್ತ ಅಲ್ಲೇ."

"ಮಂಗ್ಯಾ ತಂದಿಟ್ಟಿರಬೇಕು ತಗೋರಿ," ಎಂದೆ. ಪೇದೆ ನಗದೆ ಎಲ್ಲಾ ಹೇಳಿದ.

ಚಪ್ಪಲಿ ಡ್ರೈವರನದು. ಹೊಳೆದಂಡೆಯಲ್ಲಿ ಪೊಲೀಸರ ದಾಳಿಯಾದ ಬೆಳಿಗ್ಗೆಯಿಂದ ಅವನು ಎಲ್ಲೂ ಕಂಡಿಲ್ಲ. ಪಂಚನಾಮೆಯಲ್ಲಿ 'ಚಾಲಕ ಓಡಿಹೋಗಿರುತ್ತಾನೆ' ಎಂದಿದೆ. ಮಾಲೀಕ ಅದಕ್ಕೆ ಇನ್ನಷ್ಟು ಸೇರಿಸಿದ್ದ. ಡ್ರೈವರ್ ತನಗೆ ಹೇಳದೆ ಗಾಡಿ ಒಯ್ದ, ಮರಳು ಕದ್ದ, ರಸ್ತೆ ಕಡೆ ಓಡಿಹೋದ, ತನಗೇನೂ ಗೊತ್ತಿಲ್ಲ ಅಂತ. ಆ ಮಾಲೀಕ ನನ್ನ ಬೆನ್ನ ಹಿಂದೆಯೇ ನಿಂತಿದ್ದ.

"ಆ ಸುಡಗಾಡ ಚಪ್ಪಲಿ ಅತ್ತಾಗ ಒಗದು ಫೋಟೊ ತಗೀರಿ."

"ಒಗೀಬ್ಯಾಡ್ರೀ ಅಣ್ಣಾರ!" ಎಂದು ಗೇಟಿನ ಹೊರಗಿಂದ ಒಬ್ಬ ಹೆಂಗಸು ಕೂಗಿದಳು. ಡ್ರೈವರನ ಹೆಂಡತಿ. ನಾನು ಅವಳ ಹತ್ತಿರ ಹೋದೆ.

"ದಿನಾ ಬಂದು ಅವನ್ನ ಒರಸಾಕಿ ನೀನ ಏನು ತಂಗೆವ್ವಾ?"

"ನನ್ನ ಈ ಗೇಟ ದಾಟಾಕ ಬಿಡಂಗಿಲ್ರಿ. ನಾಕ ತಿಂಗಳಾತು, ಇಲ್ಲಿಂದನ ನೋಡ್ತೇನಿ. ಅಂವ ಪೊಲೀಸರಿಗೆ ಅಂಜಿ ಹೊಳಿಗೆ ಜಿಗದಾನ್ರಿ. ಅದನ್ನ ಬರಕೊಳ್ರಿ ಅಂದ್ರ, ಗಂಡನ್ನ ಎಲ್ಲಿ ಮುಚ್ಚಿಟ್ಟಿ ಅಂತಾರ. ರಸ್ತಿ ಕಡೆ ಬರೇ ಜಾಲಿಮುಳ್ಳು. ಅದ್ರಾಗ ಬರಿಗಾಲಲೆ ಓಡ್ತಾನೇನ್ರಿ ಯಾರರ? ಹೊಳಿ ಕಡೆ ಮೆತ್ತನ ಉಸುಕು. ಆ ಚಪ್ಪಲಿ ಫೋಟೊದಾಗ ಬಂದ್ರ ಸಾಕ್ರಿ. ನನ್ನ ಗಂಡ ಕದ್ದು ಓಡಿಹೋದಾಂವ ಅಲ್ಲ."

ವಾಪಸ್ ಬಂದು ಚಪ್ಪಲಿಯನ್ನು ಮುಟ್ಟಿ ನೋಡಿದೆ. ಕಟ್ಟಿಗೆಯ ಹಾಗೆ ಸೆಟೆದಿತ್ತು, ಬಿಸಿಲಿಗೆ ಕಾದು ಬೆರಳು ಸುಟ್ಟಿತು. ಫೋಟೊ ಹೊಡೆದೆ.

"ನಿನಗ ಹೇಳಿದ್ದು ಕೇಳಲಿಲ್ಲೇನಲೇ?" ಎಂದ ಮಾಲೀಕ.

"ಕೋರ್ಟಿನ ಫೋಟೊ ಸಾವ್ಕಾರ್ರ, ಇದ್ದಂಗ ತಗೀಬೇಕು. ನಿಮ್ಮ ಮಾರೀನೂ ಇದ್ದಂಗ ಬರತೈತಿ, ಏನ ಮಾಡ್ಲಿ?"

ಗಾಡಿ ಬಿಡುವುದಕ್ಕೆ ಡ್ರೈವರನ ಹೆಂಡತಿಯ ಕಡೆಯಿಂದ ತಕರಾರು ಬಿತ್ತು. ಕೋರ್ಟಿನಲ್ಲಿ ಮಾಲೀಕನ ವಕೀಲರು ನನ್ನ ಫೋಟೊವನ್ನೇ ಎತ್ತಿ ಹಿಡಿದರು.

"ಸ್ವಾಮಿ, ಚಪ್ಪಲಿ ತೊಯ್ದಾವ ನೋಡ್ರಿ. ನಾಲ್ಕು ತಿಂಗಳ ಬಿಸಿಲಾಗ ಬಿದ್ದ ಚಪ್ಪಲಿ ಹಸಿ ಇರತಾವೇನ್ರಿ? ಇವನ್ನ ಯಾರೋ ಈಗ ತಂದಿಟ್ಟಾರ."

ನಾನು ಮುಂದೆ ಬಾಗಿ ನೋಡಿದೆ. ಪ್ರಿಂಟ್ ಹಾಕಿದವನು ನಾನೇ, ನನ್ನ ಕಣ್ಣಿಗೇ ಬಿದ್ದಿರಲಿಲ್ಲ. ಚಪ್ಪಲಿಯ ಬಾರಿನ ಸುತ್ತ ಕಪ್ಪಗೆ ತೇವ. ಕೆಳಗಿನ ಧೂಳಿನ ಮೇಲೆ ನೀರು ಇಳಿದ ಎರಡು ಗೆರೆ.

ನ್ಯಾಯಾಧೀಶರು ನನ್ನನ್ನು ಮುಂದೆ ಕರೆದರು. "ನೀರು ಹಾಕಿದ್ದೀರಾ?"

"ಇಲ್ರಿ. ಮುಟ್ಟಿ ನೋಡೀನ್ರಿ. ಒಣಗಿ ಕಟ್ಟಿಗಿ ಆಗಿದ್ದೂರಿ."

ಚಪ್ಪಲಿ ಮೊದಲ ದಿನದಿಂದಲೂ ಅಲ್ಲೇ ಇದೆ ಎಂದು ಪೇದೆ ಹೇಳಿದ. ಎರಡು ಸಲ ಹೊರಗೆ ಎಸೆದದ್ದನ್ನು ಅವನು ಹೇಳಲಿಲ್ಲ. ನಾನೂ ಹೇಳಲಿಲ್ಲ. ನ್ಯಾಯಾಧೀಶರು ಫೋಟೊವನ್ನು ತುಂಬ ಹೊತ್ತು ನೋಡಿದರು. ಕೊನೆಗೆ ಬಾಂಡ್ ಬರೆಸಿಕೊಂಡು ಗಾಡಿಯನ್ನು ಮಾಲೀಕನಿಗೆ ಬಿಟ್ಟರು. ಚಪ್ಪಲಿಯನ್ನು ಬೇರೆಯಾಗಿ ಜಪ್ತಿ ಮಾಡಿ, ಡ್ರೈವರ್ ಕಾಣೆಯಾದ ದೂರನ್ನು ಬರೆದುಕೊಂಡು, ಹೊಳೆಯಲ್ಲಿ ಹುಡುಕಿಸಿ ಎಂದು ಪೊಲೀಸರಿಗೆ ಹೇಳಿದರು.

ಅವಳು ಬೇಡಿದ್ದು ಸಿಕ್ಕಿತ್ತು. ಹೊರಗೆ ಬೇವಿನ ಗಿಡದ ಕೆಳಗೆ ನನಗಾಗಿ ಕಾಯುತ್ತಿದ್ದಳು. ಕೈ ಮುಗಿಯುತ್ತಾಳೆ ಅಂದುಕೊಂಡೆ.

"ಅಣ್ಣಾರ, ಖರೆ ಹೇಳ್ರಿ. ನೀವು ಮುಟ್ಟಿದಾಗ ಒಣಗಿದ್ದೂ?"

"ಖರೆ ತಂಗೆವ್ವಾ. ಕೈ ತಗದೆ, ಫೋಟೊ ಹೊಡದೆ. ಅಷ್ಟ."

ಅವಳು ಸೆರಗನ್ನು ಬಾಯಿಗೆ ಒತ್ತಿಕೊಂಡಳು.

"ಹಂಗಾರ ಅಂವ ಆವತ್ತ ಹೊಳಿಯಿಂದ ಎದ್ದು ಬಂದಿದ್ದ್ರಿ. ನಾ ಗೇಟಿನ್ಯಾಗ ನಿಂತಿದ್ದೆ. ನನ್ನ ಮುಂದನ ಹಾದು ಹೋಗ್ಯಾನ, ನನಗ ಕಾಣಲಿಲ್ಲ ನೋಡ್ರಿ."