ಲೋಕಯ್ಯಣ್ಣ ಸಹಿ ಹಾಕಿದ ಜನರೇಟರ್

ಸಲ್ಮಾಬಾದಿನ ನಮ್ಮ ವರ್ಕ್‌ಶಾಪಿನಲ್ಲಿ ಹಳೆಯ ಜನರೇಟರ್‌ಗಳನ್ನು ಬಿಚ್ಚಿ, ತೊಳೆದು, ಹೊಸ ತಂತಿ ಸುತ್ತಿ ಆಫ್ರಿಕಾಕ್ಕೆ ಮಾರುತ್ತೇವೆ. ಇಲ್ಲಿನ ಟೆಸ್ಟಿಂಗ್ ಫೋರ್‌ಮನ್ ಲೋಕಯ್ಯಣ್ಣ. ಮೂಲ್ಕಿ ಕಡೆಯವರು, ಬಹರೈನಿಗೆ ಬಂದು ಇಪ್ಪತ್ತೊಂಬತ್ತು ವರ್ಷ. ನಾನು ಕ್ಷಮಾ, ಹೊನ್ನಾವರದವಳು, ಆರು ವರ್ಷಗಳಿಂದ ರಫ್ತಿನ ಕಾಗದಪತ್ರ ನೋಡಿಕೊಳ್ಳುತ್ತಿದ್ದೇನೆ. ನನಗೆ ತುಳು ಬಾರದು, ಹಾಗಾಗಿ ನಮ್ಮಿಬ್ಬರ ಜಗಳವೆಲ್ಲ ಕನ್ನಡದಲ್ಲೇ. ಜಗಳ ಯಾವಾಗಲೂ ಒಂದೇ: ನಾನು ಕಾಗದ ಕೇಳುತ್ತೇನೆ, ಅವರು ಯಂತ್ರ ತೋರಿಸುತ್ತಾರೆ.

ಅವರ ಪರೀಕ್ಷೆಯ ಕ್ರಮ ಬಹಳ ಸರಳ. ಯಂತ್ರವನ್ನು ಶೆಡ್ಡಿನಿಂದ ಹೊರಗೆ ಎಳೆಸಿ, ಬೇಸಿಗೆಯ ಬಿಸಿಲಿನಲ್ಲಿ ಪೂರ್ತಿ ಲೋಡ್ ಹಾಕಿ, ಬೆಳಗ್ಗೆ ಎಂಟರಿಂದ ಹನ್ನೆರಡರ ತನಕ ಓಡಿಸುವುದು. ಕಬ್ಬಿಣ ಮುಟ್ಟಿದರೆ ಬೊಬ್ಬೆ ಏಳುವ ಸೆಕೆ. ನಾಲ್ಕು ತಾಸೂ ಅವರು ಅದರ ಸುತ್ತ ಹೆರಿಗೆ ಕೋಣೆಯ ಹೊರಗೆ ಗಂಡ ತಿರುಗಿದ ಹಾಗೆ ತಿರುಗುತ್ತಿದ್ದರು. ಕೊನೆಗೆ, “ಈ ಸೆಕೆ ತಡ್ಕೊಂಡದ್ದು ಭೂಮಿ ಮೇಲೆ ಎಲ್ಲಿ ಬೇಕಾದ್ರೂ ತಡೀತದೆ” ಎಂದು ಹಾಳೆಗೆ ಸಹಿ ಜಡಿಯುತ್ತಿದ್ದರು. ಗಿರಾಕಿಗಳು ಆ ಸಹಿಯನ್ನು ನಂಬುತ್ತಿದ್ದರು. ನಾನೂ ನಂಬಿದ್ದೆ.

ಕಳೆದ ಸೆಪ್ಟೆಂಬರಿನಲ್ಲಿ ನೂರು ಕೆವಿಎ ಸಾಮರ್ಥ್ಯದ ಯಂತ್ರವೊಂದು ಹೀಗೆಯೇ ಪಾಸಾಗಿ ಜಾಂಬಿಯಾಕ್ಕೆ ಹೋಯಿತು. ಗಣಿಗಳ ನಡುವಿನ ಒಂದು ಚಿಕ್ಕ ಹೆರಿಗೆ ಆಸ್ಪತ್ರೆಗೆ. ಅಲ್ಲಿ ನೆಲ ಅಗೆದರೆ ತಾಮ್ರ. ಅದು ಲಾರಿ ಹತ್ತಿ ಹಡಗು ಹತ್ತಿ ಜಗತ್ತಿಗೆಲ್ಲ ತಂತಿಯಾಗಿ ಹೋಗುತ್ತದೆ, ನಾವು ಸುತ್ತಿದ ತಂತಿಯಲ್ಲೂ ಇದ್ದೀತು. ತಾಮ್ರ ಕೊಟ್ಟ ಊರಿಗೆ ಮಾತ್ರ ದಿನಕ್ಕೆ ಮೂರು ತಾಸು ಕರೆಂಟು. ಮಳೆ ಕೈಕೊಟ್ಟಿದೆ, ಅಣೆಕಟ್ಟಿನಲ್ಲಿ ನೀರಿಲ್ಲ ಎನ್ನುತ್ತಾರೆ. ಇದನ್ನು ನೆನೆದರೆ ನನಗೆ ಸಿಟ್ಟು ಬರುತ್ತದೆ. ಯಾರ ಮೇಲೆ ಎಂದು ಕೇಳಿದರೆ ಹೇಳಲಾರೆ.

ಜೂನ್ ಮೊದಲ ವಾರ ಆ ಆಸ್ಪತ್ರೆಯ ಹಿರಿಯ ನರ್ಸ್ ಬ್ವಾಲ್ಯಾ ಫೋನ್ ಮಾಡಿದರು. ಮಾತು ಇಂಗ್ಲಿಷಿನಲ್ಲಿ. ಜನರೇಟರ್ ಓಡುತ್ತಾ ಓಡುತ್ತಾ ನಿಂತುಬಿಡುತ್ತಿದೆ. ದಿನ ತುಂಬುವ ಮೊದಲೇ ಹುಟ್ಟಿದ ನಾಲ್ಕು ಕೂಸುಗಳು ಬೆಚ್ಚಗಿನ ಪೆಟ್ಟಿಗೆಯಲ್ಲಿವೆ. ಯಂತ್ರ ನಿಂತಾಗಲೆಲ್ಲ ಪೆಟ್ಟಿಗೆ ತಣ್ಣಗಾಗುತ್ತದೆ, ತಾಯಂದಿರು ಮಕ್ಕಳನ್ನು ಎದೆಗೆ ಕಟ್ಟಿಕೊಂಡು ಕೂರುತ್ತಾರೆ.

ವಿಡಿಯೊದಲ್ಲಿ ನೋಡಿದರೆ ಕಪ್ಪು ಹೊಗೆ. “ಡೀಸೆಲ್ ಕೆಟ್ಟದ್ದು, ಫಿಲ್ಟರ್ ಬದಲಿಸಿ” ಎಂದರು ಲೋಕಯ್ಯಣ್ಣ. ಬದಲಿಸಿದರು. ಎರಡು ದಿನ ಬಿಟ್ಟು ಮತ್ತೆ ಫೋನ್. ಡೀಸೆಲ್ಲನ್ನೇ ಬದಲಿಸಿದರು. ಮತ್ತೆ ಫೋನ್. ಅಷ್ಟರಲ್ಲಿ ಲೋಕಯ್ಯಣ್ಣನದು ಶೆಡ್ಡಿಗೂ ನನ್ನ ಮೇಜಿಗೂ ನಡುವೆ ದಿನಕ್ಕೆ ಇಪ್ಪತ್ತು ಸಲ ಓಡಾಟ. “ಫೋನ್ ಬಂತಾ?” ಎಂದು ಕೇಳುವುದು, ಬಂದಿಲ್ಲ ಎಂದರೆ, “ಯಾಕೆ ಬರ್ಲಿಲ್ಲ?” ಎಂದು ನನ್ನ ಮೇಲೇ ರೇಗುವುದು.

ನಾಲ್ಕನೆಯ ಸಲ ಬ್ವಾಲ್ಯಾ ತೆರೆಯ ಮೇಲೆ ಬಂದಾಗ ದಪ್ಪನೆಯ ಉಣ್ಣೆಯ ಕೋಟು ಹಾಕಿದ್ದರು. ನಮ್ಮಲ್ಲಿ ಹೊರಗೆ ನಲವತ್ತಮೂರು ಡಿಗ್ರಿ.

“ಸಿಸ್ಟರ್, ಜ್ವರವೇ?” ಎಂದರು ಲೋಕಯ್ಯಣ್ಣ.

ಆಕೆ ನಕ್ಕರು. “ಜ್ವರವಲ್ಲ, ಚಳಿಗಾಲ. ನಾವಿರುವುದು ಎತ್ತರದಲ್ಲಿ.”

ಲೋಕಯ್ಯಣ್ಣನ ಮುಖ ಕಪ್ಪಿಟ್ಟಿತು. ಮಾತು ಮುಗಿದ ಕೂಡಲೇ ನನ್ನ ಕಡೆ ತಿರುಗಿದರು. “ಆ ಊರು ಎಷ್ಟು ಎತ್ತರದಲ್ಲಿ ಉಂಟು, ನೋಡು.”

ಫೈಲ್ ತೆಗೆದೆ. ನಮ್ಮ ಫಾರಮ್ಮಿನಲ್ಲಿ ‘ಸ್ಥಳದ ಎತ್ತರ’ ಎಂಬ ಅಂಕಣ ಇದೆ. ಅದರ ಮೇಲೆ ನಾನೇ ಒಂದು ಅಡ್ಡಗೆರೆ ಎಳೆದಿದ್ದೆ. ಆರು ವರ್ಷದಲ್ಲಿ ಒಮ್ಮೆಯೂ ಅದನ್ನು ತುಂಬಿಸಿದವಳಲ್ಲ. ನಾವು ಹುಟ್ಟಿದ್ದು ಕಡಲ ಬದಿಯಲ್ಲಿ, ದುಡಿಯುವುದು ಕಡಲ ಬದಿಯಲ್ಲಿ. ಬಹರೈನಿನ ಅತಿ ದೊಡ್ಡ ಗುಡ್ಡವೇ ನೂರನಲವತ್ತು ಮೀಟರ್ ಮುಟ್ಟುವುದಿಲ್ಲ. ಎತ್ತರ ಎಂಬುದು ಕೇಳಬೇಕಾದ ವಿಷಯ ಎಂದು ನಮಗಿಬ್ಬರಿಗೂ ಹೊಳೆದಿರಲಿಲ್ಲ. ಮೊಬೈಲಿನಲ್ಲಿ ಹುಡುಕಿದೆ: ಸಾವಿರದ ಮುನ್ನೂರ ಎಂಬತ್ತು ಮೀಟರ್.

“ಗಾಳಿ ತೆಳು,” ಎಂದರು. “ಗಾಳಿ ಸಾಲದಿದ್ರೆ ಡೀಸೆಲ್ ಪೂರ್ತಿ ಉರೀಲಿಕ್ಕಿಲ್ಲ. ಅದಕ್ಕೇ ಕಪ್ಪು ಹೊಗೆ. ಇಲ್ಲಿ ನೂರು ಎಳೆಯುವ ಇಂಜಿನು ಅಲ್ಲಿ ಎಂಬತ್ತೈದೇ. ನಾನು ಸೆಕೆ ಒಂದೇ ನೋಡಿದ್ದು ಮಾರಾಯ್ತಿ. ಆ ಹೆಂಗ್ಸಿನ ಹತ್ರ ಸುಮ್ಮನೆ ಡೀಸೆಲ್ ಬದಲು ಮಾಡಿಸ್ದೆ.”

“ಗೆರೆ ಎಳೆದದ್ದು ನಾನು, ಲೋಕಯ್ಯಣ್ಣ.”

“ನೀನು ಎಳೆದಿ. ಸಹಿ ಹಾಕುವವ ಓದ್ಬೇಕಿತ್ತಲ್ಲ?”

ಮಾಲೀಕ ಅಬ್ದುಲ್ಲ ಕೆಟ್ಟವರಲ್ಲ, ವ್ಯಾಪಾರಿ. ಹಿಂದಿಯಲ್ಲಿ ಸಮಾಧಾನವಾಗಿಯೇ ಹೇಳಿದರು: “ಲೋಕಯ್ಯ, ಡೀಸೆಲ್ ಖರಾಬ್ ಎಂದು ಬರೆದು ಖಲಾಸ್ ಮಾಡು. ನಿನ್ನ ಸಹಿ ಇದ್ದ ಒಂದಾದರೂ ಯಂತ್ರ ವಾಪಸು ಬಂದಿದೆಯೇ? ಈ ಶಾಪ್ ನಿಂತಿರುವುದೇ ಆ ಸಹಿಯ ಮೇಲೆ. ತಪ್ಪಾಯಿತೆಂದು ನೀನೇ ಬರೆದು ಕೊಟ್ಟರೆ ನಾಳೆ ಯಾರು ನಂಬುತ್ತಾರೆ? ಡಿಸೆಂಬರಿನಲ್ಲಿ ನೌಕರಿ ಮುಗಿಸಿ ಊರಿಗೆ ಹೋಗುವವನು, ಒಳ್ಳೆಯ ಹೆಸರು ತೆಗೆದುಕೊಂಡು ಹೋಗು.”

ಲೋಕಯ್ಯಣ್ಣ ಕೈಯಲ್ಲಿದ್ದ ನಟ್ಟನ್ನು ತಿರುಗಿಸುತ್ತಾ ಬಾಗಿಲ ತನಕ ಹೋದರು, ವಾಪಸು ಬಂದರು. ಆ ಹೆಸರು ಬಿಟ್ಟರೆ ಅವರು ಇಲ್ಲಿ ಗಳಿಸಿದ್ದು ಹೆಚ್ಚೇನಿಲ್ಲ, ಅದು ನನಗೆ ಗೊತ್ತು. ಹೇಳಿಬಿಡಿ ಎಂದು ನನ್ನ ಬಾಯಿಗೆ ಬಂದಿತ್ತು. ಹೇಳಬೇಡಿ ಎಂದೂ ಬಂದಿತ್ತು. ಗೆರೆ ನನ್ನದಲ್ಲವೇ, ನನಗೂ ಹೆದರಿಕೆ.

“ಅರ್ಬಾಬ್,” ಎಂದರು ಕೊನೆಗೆ ಧಣಿಯ ಕಡೆ ತಿರುಗಿ, “ಡೀಸೆಲ್ ಎಂದು ಬರೆದರೆ ಅವರು ಡೀಸೆಲ್ಲನ್ನೇ ಬದಲಿಸುತ್ತಾ ಇರುತ್ತಾರೆ. ಆ ಪೆಟ್ಟಿಗೆ ತಣ್ಣಗಾಗುತ್ತಲೇ ಇರುತ್ತದೆ.”

ಅಬ್ದುಲ್ಲ ಕೋಪದಿಂದ ಎದ್ದು ಹೊರಗೆ ಹೋದರು. ಬೇಡ ಎನ್ನಲಿಲ್ಲವಲ್ಲ ಎಂದುಕೊಂಡು ನಾನು ಪತ್ರ ಟೈಪ್ ಮಾಡಿದೆ. ನನ್ನ ಪರೀಕ್ಷೆ ತಪ್ಪು, ನಿಮ್ಮ ಎತ್ತರದಲ್ಲಿ ಇದರ ಮೇಲೆ ಎಂಬತ್ತೈದಕ್ಕಿಂತ ಹೆಚ್ಚು ಹೊರೆ ಹಾಕಬೇಡಿ ಎಂದು ಎರಡೇ ಸಾಲು. ಕೆಳಗೆ ಅವರ ಸಹಿ. ಆಮೇಲೆ ಬ್ವಾಲ್ಯಾಗೆ ಫೋನ್.

“ಮೊದಲು ಏಸಿ ಎಲ್ಲ ಬಂದ್ ಮಾಡಿ ಸಿಸ್ಟರ್,” ಎಂದರು ಲೋಕಯ್ಯಣ್ಣ.

“ನಮ್ಮಲ್ಲಿ ಏಸಿಯೇ ಇಲ್ಲ.”

ನನಗೆ ನಗು ತಡೆಯಲಾಗಲಿಲ್ಲ. ಬಹರೈನಿನವರ ತಲೆಯಲ್ಲಿ ಲೋಡ್ ಎಂದರೆ ಏಸಿಯೇ. ಮತ್ತೆ ಕರೆಂಟಿನಲ್ಲಿ ಏನೇನು ನಡೆಯುತ್ತದೆ ಎಂದು ಒಂದೊಂದಾಗಿ ಕೇಳಿ ಬರೆದುಕೊಂಡರು. ಚಳಿ ಶುರುವಾದ ಮೇಲೆ ನೀರು ಕಾಯಿಸುವ ಹೀಟರ್‌ಗಳು ಸೇರಿಕೊಂಡಿದ್ದವು, ಅದಕ್ಕೇ ಇಷ್ಟು ದಿನ ಇಲ್ಲದ ತೊಂದರೆ. ಪಂಪು ನಡೆಯುವಾಗ ಹೀಟರ್ ಬೇಡ, ಹೀಟರ್ ನಡೆಯುವಾಗ ಬಟ್ಟೆ ಒಗೆಯುವುದು ಬೇಡ ಎಂದು ತಾಸಿನ ಲೆಕ್ಕ ಹಾಕಿಕೊಟ್ಟರು. ಮೂರು ದಿನದ ಮೇಲೆ ಸಂದೇಶ ಬಂತು: ಒಮ್ಮೆಯೂ ನಿಂತಿಲ್ಲ, ನಾಲ್ಕೂ ಮಕ್ಕಳು ಹಾಲು ಕುಡಿಯುತ್ತಿವೆ.

ಇನ್ನಾದರೂ ಮನುಷ್ಯ ಸುಮ್ಮನಾಗುತ್ತಾರೆ ಎಂದುಕೊಂಡೆ. ಎಲ್ಲಿ! ಸಂದೇಶ ಓದಿ ಹೇಳುತ್ತಿದ್ದ ಹಾಗೆ, “ನೀನು ಗೆರೆ ಎಳೆದ ಫೈಲೆಲ್ಲ ತೆಗಿ” ಎಂದರು. ಎತ್ತರದ ಊರುಗಳಿಗೆ ಹೋದ ಯಂತ್ರಗಳು ಹನ್ನೊಂದು ಸಿಕ್ಕಿದವು. ಒಂದೊಂದಕ್ಕೂ ಫೋನ್ ಹಚ್ಚಿಸಿದರು. ಮೊದಲನೆಯದು ಯಾರೂ ಎತ್ತಲಿಲ್ಲ. ಎರಡನೆಯದು ಒಂದು ವಸತಿ ಶಾಲೆ. ಮುದಿ ಹೆಡ್‌ಮಾಸ್ತರರು ಎತ್ತಿಕೊಂಡರು. ನಾನು ಸ್ಪೀಕರ್ ಹಾಕಿ ಹಿಡಿದ ಫೋನಿಗೆ ಲೋಕಯ್ಯಣ್ಣ ತಮ್ಮ ಹರಕು ಇಂಗ್ಲಿಷಿನಲ್ಲಿ ಎತ್ತರ, ಗಾಳಿ, ಎಂಬತ್ತೈದು ಎಂದು ಎಲ್ಲ ವಿವರಿಸಿದರು.



“ಅದನ್ನು ಗುಜರಿಗೆ ಹಾಕಿ ಮೂರು ವರ್ಷವಾಯಿತು,” ಎಂದರು ಹೆಡ್‌ಮಾಸ್ತರರು. “ದಿನಾ ನಿಲ್ಲುತ್ತಿತ್ತು. ನಿಮ್ಮ ಕಾಗದದಲ್ಲಿ ನೂರು ಎಂದು ಸಹಿ ಇತ್ತಲ್ಲ? ಯಂತ್ರ ಸರಿಯಿದೆ, ಇವನಿಗೇ ನಡೆಸಲು ಬರುವುದಿಲ್ಲ ಎಂದು ನಮ್ಮ ಆಪರೇಟರನ್ನು ಕೆಲಸದಿಂದ ತೆಗೆದೆವು.”

“ಅವರು ಈಗ ಎಲ್ಲಿದ್ದಾರೆ?” ಎಂದೆ ನಾನು.

“ಊರು ಬಿಟ್ಟು ಹೋದ. ಎಲ್ಲಿ ಎಂದು ಗೊತ್ತಿಲ್ಲ.”

ಲೋಕಯ್ಯಣ್ಣ ನನ್ನ ಕೈಯಿಂದ ಫೋನ್ ಕಿತ್ತುಕೊಂಡು ಬಾಯಿಗೆ ಒತ್ತಿ ಹಿಡಿದು ಕೂಗಿದರು. “ಅವನಿಗೆ ಬರುತ್ತಿತ್ತು ಸರ್. ಅವನಿಗೆ ಕೆಲಸ ಬರುತ್ತಿತ್ತು. ಬರದವನು ನಾನು.”