ದೇವರ ಮುಂದಿನ ಮೊರ

ಸೊಸೆ ಫೋನಿನಲ್ಲಿ ಹಳೇ ಕಾಲದ ಗಂಡ-ಹೆಂಡತಿ ಧಾರಾವಾಹಿ ಹಾಕಿಕೊಂಡು ಕೂತಿದ್ದಳು. ಅದರಲ್ಲಿ ಹೆಂಡತಿ ಸಕ್ಕರೆಯೆಂದು ಸೋಪಿನ ಪುಡಿ ಹಾಕಿ ಕಾಫಿ ಕೊಡುತ್ತಾಳೆ. ಗಂಡನ ಬಾಯಲ್ಲಿ ನೊರೆ. ಕಣ್ಣಿಗೆ ಕಾಣದ ಜನ ಗೊಳ್ಳೆಂದು ನಗುತ್ತಾರೆ. ಪಕ್ಕದಲ್ಲಿ ಕೂತಿದ್ದ ನಮ್ಮ ಯಜಮಾನರೂ ನಕ್ಕರು. ನನಗೆ ಮಾತ್ರ ನಗು ಬರಲಿಲ್ಲ. ನಮ್ಮ ಮನೆಯಲ್ಲಿ ಹೀಗಾದಾಗ ನಗುವವರು ಯಾರೂ ಇರಲಿಲ್ಲ ನೋಡಿ.

ಬಿ.ಜಿ. ಕೆರೆಯಲ್ಲಿ ನಮ್ಮದು ಶೇಂಗಾದ ಹೊಲ. ಬಿತ್ತುವ ಹಿಂದಿನ ದಿನ ಒಂದು ಮೊರ ಬೀಜವನ್ನು ದೇವರ ಮುಂದೆ ಇಡುವುದು ಅತ್ತೆಯ ಕಾಲದ ಪದ್ಧತಿ. ಅದನ್ನು ಹೆಂಗಸರು ಮುಟ್ಟುವ ಹಾಗಿಲ್ಲ. ಸೊಸೆ ಬರುವುದಕ್ಕೆ ಮುಂಚಿನ ಆ ವರ್ಷ ನಾನೂ ಮುಟ್ಟಲಿಲ್ಲ. ಒಲೆಯ ಪಕ್ಕ ಇನ್ನೊಂದು ಮೊರವಿತ್ತು, ಚಟ್ನಿಯ ಕಾಳಿನದು. ಅದನ್ನೇ ಹುರಿದು ಅರೆದೆ. ಕಾಳು ದಪ್ಪ ಇದ್ದವು. ಬಿತ್ತುವಂಥ ಕಾಳನ್ನು ಚಟ್ನಿಗೆ ಬಿಟ್ಟಿದ್ದಾರೆ, ಆರಿಸುವುದರಲ್ಲಿ ಇವರ ಕಣ್ಣು ಅಷ್ಟೇ ಅಂದುಕೊಂಡೆ.

ಇವರು ರೊಟ್ಟಿ ಮುಗಿಸಿ ಕೈ ತೊಳೆಯುತ್ತಾ ಒಲೆಯ ಕಡೆ ನೋಡಿದರು.

"ಲೇ, ಬೀಜದ ಮೊರ ಎಲ್ಲೈತೆ?"

"ದೇವರ ಮುಂದೆ ಐತಲ್ರೀ."

"ಅದು ಚಟ್ನಿ ಕಾಳು ಕಣೇ! ಬೀಜಕ್ಕೆ ಹುಳದ ಮದ್ದು ಬೆರ್ಸಿದ್ದೆ. ದೇವರ ಮುಂದೆ ಯಾರಾನ ವಿಷ ಇಡ್ತಾರಾ?"

"ಒಲೆ ಮುಂದೆ ಇಡ್ತಾರಾ ಮತ್ತೆ?"

ಜಗಳಕ್ಕೂ ಪುರುಸೊತ್ತಿಲ್ಲ. ಚಳ್ಳಕೆರೆ ಬಸ್ಸು ಹತ್ತಿದೆವು. ಈ ಮನುಷ್ಯ ಸುಮ್ಮನೆ ಕೂರಬೇಕಲ್ಲ? ಕಂಡಕ್ಟರಿಗೆ, "ನನ್ ಹೆಂಡ್ತಿ ಚಟ್ನೀಲಿ ಮದ್ದು ಹಾಕ್ಯಾಳೆ ಕಣಪ್ಪಾ" ಅಂದರು. ಪಕ್ಕದ ಹೆಂಗಸು ಎದ್ದು ಹೋಗಿ ನಿಂತಳು. ನಾನು ಇವರ ಮುಖವನ್ನೇ ನೋಡುತ್ತಿದ್ದೆ. ಬೆವೆತರೆ ಭಯ, ಆಕಳಿಸಿದರೆ ಭಯ, ಕಣ್ಣು ಮುಚ್ಚಿದರೆ ತಿವಿದು ಎಬ್ಬಿಸುವುದು.

ಡಾಕ್ಟರು, "ಎಷ್ಟು ತಿಂದ್ರಿ?" ಎಂದು ಕೇಳಿದರು.

"ಚಟ್ನಿ ಚೆನ್ನಾಗಿತ್ತು ಸಾರ್. ಒಸಿ ಜಾಸ್ತೀನೇ ತಿಂದೆ."

ಮದುವೆಯಾದಾಗಿನಿಂದ ನನ್ನ ಅಡುಗೆ ಚೆನ್ನಾಗಿದೆ ಎಂದು ಈ ಬಾಯಿ ಹೇಳಿದ್ದು ಅದೇ ಮೊದಲು. ಮೂಗಿಗೆ ಪೈಪು ಹಾಕಿ ಹೊಟ್ಟೆ ತೊಳೆದರು. ಹೊರಗೆ ಗೋಡೆಗೆ ಒರಗಿ ಕೂತೆ. ಅಳು ಬರಲಿಲ್ಲ. ಬಸ್ಸಿನಲ್ಲಿ ಎದ್ದು ಹೋದವಳು ನಾಳೆ ಊರಿಗೆಲ್ಲ ಏನು ಹೇಳುತ್ತಾಳೋ, ಅದೂ ತಲೆಯಲ್ಲಿತ್ತು, ಸುಳ್ಳೇಕೆ ಹೇಳಲಿ?

ಬದುಕಿದರು. ಊರಿಗೆ ಬಂದ ದಿನವೇ ತಟ್ಟೆಯನ್ನು ನನ್ನ ಕಡೆ ತಳ್ಳಿದರು.

"ಮೊದ್ಲು ನೀನ್ ತಿನ್ನು."

ಗಂಡಸರು ಉಂಡ ಮೇಲೆ ಹೆಂಗಸರು ಉಣ್ಣುವ ಊರಲ್ಲಿ, ಅಂದಿನಿಂದ ಮೊದಲ ಬಿಸಿ ತುತ್ತು ನನ್ನದು. ಇವರದು ಪ್ರೀತಿಯಲ್ಲ, ಅನುಮಾನ. ಇರಲಿ, ರೊಟ್ಟಿಗೆ ಎರಡೂ ಒಂದೇ.

ಇವತ್ತೂ ಸೊಸೆ ತಟ್ಟೆ ಇಟ್ಟಳು, ಇವರು ತಳ್ಳಿದರು. ನಾನು ತುತ್ತು ನುಂಗುವವರೆಗೆ ಇವರ ಕಣ್ಣು ನನ್ನ ಗಂಟಲ ಮೇಲೇ ಇರುತ್ತದೆ. ಆ ಕಾಫಿಯವನನ್ನು ನೋಡಿ ನಕ್ಕವರಲ್ಲವೇ?

ನಿಧಾನವಾಗಿ ಅಗಿದೆ. ಕಾಯಲಿ.