ಬಳೆಗೆ ಮಾಸ್ಕ್ ಕಟ್ಟಿದ ಮೊಮ್ಮಗಳು

ಮಾಸ್ಕಿಲ್ಲದೆ ಲಿಫ್ಟಿಗೂ ಕಾಲಿಡದ ಆ ದಿನಗಳು ನಿಮಗೂ ನೆನಪಿರಬೇಕು. ಮಗಳ ಮನೆಗೆಂದು ರಾಣೆಬೆನ್ನೂರಿನಿಂದ ಮಲೇಷ್ಯಾದ ನಿಲಾಯ್‌ಗೆ ಎರಡು ತಿಂಗಳ ಮಟ್ಟಿಗೆ ಹೋದವಳು ನಾನು. ವಿಮಾನಗಳು ನಿಂತವು. ಯಜಮಾನರು ಊರಲ್ಲೇ ಉಳಿದರು, ನಾನು ಅಲ್ಲೇ ಸಿಕ್ಕಿಕೊಂಡೆ. ಮನೆ ತುಂಬ ಸ್ಯಾನಿಟೈಸರ್ ವಾಸನೆ. ಅದರ ಮೇಲೊಂದು ಇಂಗಿನ ಒಗ್ಗರಣೆ ಬಿದ್ದರೆ ಮಾತ್ರ ಅದು ಮನೆ ಅನ್ನಿಸುತ್ತಿತ್ತು.

ಮೊಮ್ಮಗಳು ಅನಘಾಗೆ ಆಗ ಒಂಬತ್ತು. ನಾನಾಡಿದ ಕನ್ನಡವೆಲ್ಲ ತಿಳಿಯುತ್ತಿತ್ತು, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ನಾಲ್ಕನೇ ಇಯತ್ತೆಗೇ ಶಾಲೆ ಬಿಟ್ಟ ನನಗೆ ಅದೆಲ್ಲಿ ತಿಳಿಯಬೇಕು? ಒಂದೇ ಸೋಫಾದಲ್ಲಿ ಕೂತರೂ ನಡುವೆ ಮಗಳು ಬಂದು ಅರ್ಥ ಹೇಳಬೇಕಿತ್ತು. ಅವಳೋ ಮುಂಜಾನೆಯಿಂದ ಕಂಪ್ಯೂಟರ್ ಮುಂದೆ. ವಿಮಾನ ಶುರುವಾಗುವುದರೊಳಗೆ ಈ ಕೂಸು ನನ್ನ ಜೊತೆ ನಮ್ಮ ಮಾತಿನಲ್ಲಿ ಮಾತಾಡಿಬಿಡಲಿ ಎಂಬುದೊಂದೇ ನನ್ನ ಆಸೆ.

ಅನಘಾಗೆ ಜಪಾನಿನ ಒಬ್ಬ ನಟಿಯ ಹುಚ್ಚು. ನಾನವಳನ್ನು ಜಪಾನಕ್ಕ ಎಂದೇ ಕರೆಯುತ್ತಿದ್ದೆ. ಕಾರ್ಟೂನಿನಲ್ಲಿ ಹತ್ತು ವರ್ಷದ ಹುಡುಗನೊಬ್ಬ ಮಾತಾಡುತ್ತಿದ್ದ. ಆ ಗಂಟಲು ನಡುವಯಸ್ಸಿನ ಈ ಜಪಾನಕ್ಕನದೇ ಎಂದಾಗ ನಾನು ನಂಬಲೇ ಇಲ್ಲ. ಮಗಳು ಅವಳ ಕತೆ ಬಿಡಿಸಿ ಹೇಳಿದಳು. ಮೊದಲು ಸಿನಿಮಾದಲ್ಲಿ ಚಹಾ ತಂದಿಟ್ಟು ಹೋಗುವ ಪಾತ್ರ, ಒಂದೂ ಮಾತಿಲ್ಲ. ಆಮೇಲೆ ವರ್ಷಗಟ್ಟಲೆ ಬೆಕ್ಕಿಗೆ, ಕಾಗೆಗೆ, ಸಂತೆಯ ಗದ್ದಲಕ್ಕೆ ದನಿ ಕೊಟ್ಟಳು. ಕಡೆಗೆ ಈ ಹುಡುಗನ ಪಾತ್ರ ಸಿಕ್ಕಿತು. ಅವನು ಮನೆಮಾತಾದ ಮೇಲೆ ಸಿನಿಮಾದವರೇ ಕರೆದು ತಾಯಿಯ ಪಾತ್ರ ಕೊಟ್ಟರಂತೆ. ಕಾಗೆಯಾಗಲಿಕ್ಕೂ ನಾಚದ ಹೆಂಗಸಲ್ಲವೇ ಎಂದು ನನಗೆ ಅವಳ ಮೇಲೆ ಅಕ್ಕರೆ ಉಕ್ಕಿಬಂತು.

ಒಂದು ಮಧ್ಯಾಹ್ನ ಮಾಮಕ್ ಅಂಗಡಿಯಿಂದ, ಅಂದರೆ ಅಲ್ಲಿಯ ತಮಿಳು ಮುಸಲ್ಮಾನರ ಹೋಟೆಲಿನಿಂದ, ಕಟ್ಟಿಸಿ ತಂದ ರೊಟ್ಟಿ ತಿನ್ನುತ್ತ ನೋಡುತ್ತಿದ್ದೆವು. ಆ ಹುಡುಗ ತಾಯಿಯ ಕಡೆ ತಟ್ಟೆ ಸರಿಸಿ ಏನೋ ಅಂದ. ದನಿ ಕೇಳಿಯೇ ನನ್ನ ಕಣ್ಣು ತುಂಬಿತು.

“ಏನಂದನವ್ವಾ ಅಂವಾ?”

ಅನಘಾ ಟೀವಿಯ ಕೆಳಗೆ ಬರುವ ಸಾಲು ಓದಿ ಇಂಗ್ಲಿಷಿನಲ್ಲಿ ಹೇಳಿದಳು.

“ತಿಳೀಲಿಲ್ಲ.”

“ಅಯ್ಯೋ ಅಜ್ಜಿ, ಈಸಿ ಲಾ!” ಎಂದು ಮಲೇಷ್ಯಾದವರ ಹಾಗೇ ಕೊನೆಗೊಂದು ‘ಲಾ’ ಸೇರಿಸಿದಳು.

ಮಗಳ ಕೋಣೆಯ ಬಾಗಿಲು ಮುಚ್ಚಿತ್ತು. ಹುಡುಗಿ ಅದನ್ನೊಮ್ಮೆ ನೋಡಿದಳು, ನನ್ನನ್ನೊಮ್ಮೆ ನೋಡಿದಳು. ಟೀವಿಯ ದನಿ ನಿಲ್ಲಿಸಿ, ದೃಶ್ಯವನ್ನು ಹಿಂದಕ್ಕೆ ಓಡಿಸಿ, ಹುಡುಗ ಬಾಯಿ ತೆರೆಯುವ ಹೊತ್ತಿಗೆ ಸರಿಯಾಗಿ ಅವನದೇ ಗಂಟಲಿನಲ್ಲಿ, “ಅಮ್ಮಾ, ನಂಗೆ ಹಸಿವಿಲ್ಲ. ನೀನು ತಿನ್ನು” ಎಂದಳು.

ನನ್ನ ಕೈಯಲ್ಲಿದ್ದ ತುತ್ತು ಕೈಯಲ್ಲೇ ಉಳಿಯಿತು. “ಇನ್ನೊಮ್ಮೆ ಹೇಳವ್ವಾ, ನನ ಬಂಗಾರ!”

ಅಂದಿನಿಂದ ಅದೇ ನಮ್ಮ ಆಟ. ಅವಳು ಹುಡುಗ, ನಾನು ತಾಯಿ. ನಮ್ಮ ದನಿಯನ್ನಷ್ಟೇ ಫೋನಿನಲ್ಲಿ ಹಿಡಿದು ಊರಿನ ಅಜ್ಜನಿಗೆ ಕಳಿಸಬೇಕೆಂದು ತೀರ್ಮಾನವಾಯಿತು. ಜಪಾನಕ್ಕ ಮೈಕಿನ ಮುಂದೆ ಸರಬರ ಅನ್ನುವ ಬಟ್ಟೆ ಉಡುವುದಿಲ್ಲ, ಓಲೆ ಉಂಗುರ ಎಲ್ಲ ಕಳಚಿಡುತ್ತಾಳೆ ಎಂಬುದು ಅನಘಾಗೆ ಗೊತ್ತಿತ್ತು.

“ಅಜ್ಜಿ, ಬ್ಯಾಂಗಲ್ಸ್ ತೆಗಿ. ನಾಯ್ಸ್ ಬರುತ್ತೆ.”

ರೋಗದ ಕಾಲದಲ್ಲಿ ಯಜಮಾನರು ಅಷ್ಟು ದೂರ ಒಬ್ಬರೇ ಇರುವಾಗ ಗಾಜಿನ ಬಳೆ ಕಳಚುವುದೇ?

“ಬಳಿ ತಗೀಬಾರದವ್ವಾ. ನಿಮ್ಮಜ್ಜ ಚಲೋ ಇರಬೇಕಲ್ಲ.”

“ಅಜ್ಜಂಗೂ ಬಳೆಗೂ ಏನು?”

ನಾನು ಬಳೆಗಳನ್ನು ಸೆರಗಿನಲ್ಲಿ ಮುಚ್ಚಿಕೊಂಡೆ. ಅವಳು ಒಳಗೆ ಓಡಿ ಎರಡು ಬಟ್ಟೆ ಮಾಸ್ಕ್ ತಂದು ನನ್ನ ಎರಡೂ ಕೈಯ ಬಳೆಗಳ ಮೇಲೆ ಬಿಗಿದಳು. “ಈಗ ಬಳೆಗೂ ಕೊರೊನಾ ಬರಲ್ಲ.”

ನಾವು ಕಳಿಸಿದ್ದನ್ನು ಕೇಳಿ ಸಂಜೆ ಯಜಮಾನರ ಫೋನು. “ತಾಯಿ ನೀನ ಅಂತ ಗೊತ್ತಾತು, ಬೈದಂಗ ಮಾತಾಡ್ತಿ. ಆ ಹುಡುಗ ಯಾರ? ಬಾಜೂ ಮನಿಯಾಂವೇನು? ಭಾಳ ಚಲೋ ಕನ್ನಡ ಮಾತಾಡ್ತಾನಲ್ಲ!”

ಅನಘಾ ಫೋನ್ ಕಸಿದುಕೊಂಡು, “ಅಜ್ಜಾ, ಅದು ನಾನು! ನಾನೇ!” ಎಂದು ಸೋಫಾದ ಮೇಲೆ ಕುಣಿದಳು. ಆ ಕಡೆಯಿಂದ ಮೂಗು ಸೇದಿದ ಸದ್ದು. ಅವತ್ತು ಅಜ್ಜ ಮೊಮ್ಮಗಳು ಫೋನ್ ಬಿಸಿಯಾಗುವ ತನಕ ಮಾತಾಡಿದರು, ಅಷ್ಟೂ ಕನ್ನಡದಲ್ಲಿ. ನಾನು ಮಾಸ್ಕ್ ಕಟ್ಟಿದ ಕೈಯಲ್ಲೇ ಕಣ್ಣೊರೆಸಿಕೊಂಡೆ.

ಎಂಟು ತಿಂಗಳು ಆ ಆಟ ಆಡಿದ ಮೇಲೆ ವಿಮಾನ ಶುರುವಾಯಿತು, ಈಗ ನಾನು ಊರಲ್ಲಿದ್ದೇನೆ. ಯಜಮಾನರು ಗಟ್ಟಿಯಾಗಿದ್ದಾರೆ. ಅನಘಾ ಫೋನ್ ಮಾಡಿದರೆ ನನ್ನ ಹಾಗೇ “ಹೌದನ?” ಎಂದು ರಾಗ ಎಳೆಯುತ್ತಾಳೆ. ಆದರೆ ಅವಳು ಬೆಳೆದಿದ್ದಾಳೆ, ದನಿಯೂ ಬಲಿತಿದೆ. ಮೊನ್ನೆ, “ಆ ಹುಡುಗನಂಗ ಒಮ್ಮೆ ಮಾತಾಡು” ಎಂದು ಕೇಳಿದೆ. ಎರಡು ಸಲ ಗಂಟಲು ಸರಿಮಾಡಿಕೊಂಡು, “ಬರ್ತಿಲ್ಲ ಅಜ್ಜಿ” ಎಂದು ನಕ್ಕಳು. ಜಪಾನಕ್ಕ ಮಾತ್ರ ಇಂದಿಗೂ ಅದೇ ಹುಡುಗನಾಗಿ ಮಾತಾಡುತ್ತಾಳಂತೆ. ಎಂಥ ಪುಣ್ಯದ ಗಂಟಲು! ನಮ್ಮಲ್ಲಿಗೆ ಬಂದ ಹುಡುಗ ಎಂಟು ತಿಂಗಳಿದ್ದು ಹೋದ. ಹೋಗುವಾಗ ನನ್ನ ಮೊಮ್ಮಗಳನ್ನು ನನಗೆ ಕೊಟ್ಟು ಹೋದ.